ಗೈಡಮ್ಮನ ಜೊತೆ ಬೆಜವಾಡದಲ್ಲಿ ಒಂದು ದಿನ

(ಮಹಿಳಾ ವೇದಿಕೆಯ ವಾರ್ಷಿಕ ಸಭೆಯಲ್ಲಿ ಆಡಿದ ಮಾತುಗಳ ಬರಹ ರೂಪ)



ಹೋದ ಚಳಿಗಾಲದಲ್ಲಿ ನಾವು ವಿಜಯವಾಡದ ಸುತ್ತಮುತ್ತ ಒಂದು ದಿನದ ಪ್ರವಾಸ ಮಾಡಿದೆವಲ್ಲ, ಅದರ ಬಗ್ಗೆ ನಾಲ್ಕು ಮಾತು ಹೇಳಬೇಕೆಂದು ಕಾರ್ಯದರ್ಶಿಗಳ ಅಪ್ಪಣೆ ಆಗಿದೆ. ಬಸ್ಸಿನಲ್ಲಿ ಯಾರು ಅಂತ್ಯಾಕ್ಷರಿ ಗೆದ್ದರು, ಯಾರ ಮನೆಯ ಪುಳಿಯೋಗರೆ ಮೊದಲು ಖಾಲಿಯಾಯಿತು ಅನ್ನುವುದೆಲ್ಲ ವಾಟ್ಸ್‌ಆ್ಯಪ್ ಗುಂಪಿನಲ್ಲಿ ಆಗಲೇ ಬಂದುಹೋಗಿದೆ. ಅದನ್ನು ಮತ್ತೆ ಹೇಳುವುದಿಲ್ಲ. ಗೈಡ್ ಇಟ್ಟುಕೊಂಡು ಒಂದು ಹಳೆಯ ಊರನ್ನು ನೋಡುವಾಗ ಏನು ಕೇಳಬೇಕು, ಕೇಳಿದರೆ ಏನು ಸಿಗುತ್ತದೆ ಅನ್ನುವುದಷ್ಟೇ ಇವತ್ತಿನ ನನ್ನ ಮಾತು.

ಇತ್ತೀಚೆಗೆ ನಮ್ಮ ಸದಸ್ಯರಲ್ಲಿ ಕೆಲವರು ವಿಯೆಟ್ನಾಂ ನೋಡಿಕೊಂಡು ಬಂದರು. ಹೋಯ್ ಆನ್ ಅನ್ನುವ ಹಳೆಯ ಬಂದರು ಪಟ್ಟಣ, ಅಲ್ಲಿನ ಜಪಾನೀ ಸೇತುವೆ, ಹತ್ತಿರದ ಮೀ ಸನ್ ಎಂಬಲ್ಲಿರುವ ಇಟ್ಟಿಗೆಯ ಶಿವಾಲಯಗಳು, ಎಲ್ಲದರ ಫೋಟೋ ತೋರಿಸಿದರು. ಈ ಎರಡೂ ಜಾಗಗಳು 1999ರಲ್ಲಿ ಯುನೆಸ್ಕೋ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಅಲ್ಲಿ ಹಿಂದೆ ಚಂಪಾ ಎಂಬ ರಾಜ್ಯವಿತ್ತು. ಸಂಸ್ಕೃತದಲ್ಲಿ ಶಾಸನ ಬರೆಸಿದ, ಶಿವನನ್ನು ಪೂಜಿಸಿದ ರಾಜ್ಯ ಅದು. ಹೋಯ್ ಆನ್ ಇರುವ ಆ ಸೀಮೆಗೆ ಚಂಪಾ ಕಾಲದಲ್ಲಿ ಏನು ಹೆಸರಿತ್ತು ಗೊತ್ತೇ? ಅಮರಾವತಿ! ಅಷ್ಟು ದೂರ ಸಮುದ್ರ ದಾಟಿ ಅಮರಾವತಿಯನ್ನು ನೋಡಿ ಬಂದ ನಮ್ಮ ಸದಸ್ಯರಲ್ಲಿ ಹಲವರು ವಿಜಯವಾಡದಿಂದ ನಲವತ್ತು ಕಿಲೋಮೀಟರಿನೊಳಗೇ ಇರುವ ಅಮರಾವತಿಯನ್ನು ನೋಡಿರಲಿಲ್ಲ. ನಮ್ಮ ಪ್ರವಾಸ ಹುಟ್ಟಿದ್ದು ಆ ಮಾತಿನಿಂದ.

ಹೋಯ್ ಆನ್ ಒಂದೇ ದಿನದಲ್ಲಿ ನಡೆದೇ ನೋಡಿ ಮುಗಿಸಬಹುದಾದ ಪುಟ್ಟ ಊರು ಅಂತ ಹೋದವರು ಹೇಳಿದರು. ನಮ್ಮ ಬೆಜವಾಡ ಹಾಗಲ್ಲ. ಗುಹೆ ಒಂದು ದಿಕ್ಕಿಗೆ, ಸ್ತೂಪ ಇನ್ನೊಂದು ದಿಕ್ಕಿಗೆ, ಕೋಟೆ ಮತ್ತೊಂದು ದಿಕ್ಕಿಗೆ. ನಡುವೆ ಪೇಟೆ, ಫ್ಲೈಓವರು, ಲಾರಿಗಳ ಸಾಲು. ಇಲ್ಲಿ ಹಳೆಯದು ತಾನಾಗಿ ಕಣ್ಣಿಗೆ ಬೀಳುವುದಿಲ್ಲ, ಯಾರಾದರೂ ತೋರಿಸಬೇಕು. ಅದಕ್ಕೇ ಗೈಡ್ ಬೇಕು ಅಂತ ತೀರ್ಮಾನ ಮಾಡಿದೆವು.

ನಮಗೆ ಸಿಕ್ಕಿದ್ದು ಗುಂಟೂರು ಕಡೆಯ ಹೆಣ್ಣುಮಗಳು. ಚರಿತ್ರೆಯಲ್ಲಿ ಎಂ.ಎ. ಮಾಡಿದ್ದಾಳೆ, ನಲವತ್ತರ ಆಸುಪಾಸಿನ ವಯಸ್ಸು. ನಮ್ಮಲ್ಲಿ ಕೆಲವರು ಅವಳನ್ನು "ಗೈಡಮ್ಮ" ಅಂತ ಕರೆಯತೊಡಗಿದರು, ಅದೇ ಹೆಸರು ನಿಂತಿತು. ಬೆಳಿಗ್ಗೆ ಆರೂವರೆಗೆ ಬಸ್ಸು ಹತ್ತಿದವಳು ಮೊದಲು ಕೇಳಿದ್ದು, "ಮೀರು ಕನ್ನಡವಾಳ್ಳಾ ಅಮ್ಮಾ?" ಹೌದು ಅಂದೆವು. "ಹಾಗಾದರೆ ಇವತ್ತು ರಾಜರ ಕಥೆ ಸ್ವಲ್ಪ ಕಡಿಮೆ ಮಾಡೋಣ, ನಿಮ್ಮವರ ಕಥೆ ಹೇಳುತ್ತೇನೆ" ಅಂದಳು. ಅವಳು ಹೇಳಿದ್ದು ತೆಲುಗಿನಲ್ಲಿ. ಇಷ್ಟು ವರ್ಷ ಇಲ್ಲಿದ್ದವರಿಗೆ ತೆಲುಗು ಕಷ್ಟವೇ? ಬೆಂಗಳೂರಿನಿಂದ ಬಂದಿದ್ದ ಇಬ್ಬರು ನೆಂಟರಿಗೆ ಮಾತ್ರ ನಾವು ಕಿವಿಯಲ್ಲಿ ಅನುವಾದ ಮಾಡುತ್ತಾ ಹೋದೆವು.

ಬಸ್ಸು ಇಂದ್ರಕೀಲಾದ್ರಿಯ ಬುಡದಲ್ಲಿ ಸಾಗುವಾಗಲೇ ಮೊದಲನೆಯ ಕಥೆ ಬಂತು. ಬಾದಾಮಿಯ ಇಮ್ಮಡಿ ಪುಲಕೇಶಿ ಈ ವೆಂಗಿ ಸೀಮೆಯನ್ನು ಗೆದ್ದು ತಮ್ಮ ಕುಬ್ಜ ವಿಷ್ಣುವರ್ಧನನ ಕೈಗೆ ಕೊಟ್ಟ, ಅವನಿಂದ ಪೂರ್ವ ಚಾಲುಕ್ಯರ ವಂಶ ಬೆಳೆಯಿತು ಅನ್ನುವುದನ್ನು ಶಾಲೆಯಲ್ಲಿ ಓದಿದ್ದೇವೆ. ಆ ವಿಷ್ಣುವರ್ಧನನ ರಾಣಿ ಅಯ್ಯಣ ಮಹಾದೇವಿ ಇದೇ ಬೆಜವಾಡದ ನಡುಂಬಿ ವಸದಿ ಎಂಬ ಜೈನ ಬಸದಿಗೆ ಮುಸಿನಿಕೊಂಡ ಎನ್ನುವ ಊರನ್ನು ದತ್ತಿ ಬಿಟ್ಟಳಂತೆ. ತಾಮ್ರಶಾಸನದಲ್ಲಿ ಅದರ ದಾಖಲೆಯಿದೆ. ಏಳನೆಯ ಶತಮಾನದ ಮಾತು. ಬಾದಾಮಿಯ ಮನೆತನದ ಸೊಸೆ ಬೆಜವಾಡದಲ್ಲಿ ದಾನ ಮಾಡಿದಳು ಅಂದಾಗ ಹಿಂದಿನ ಸೀಟಿನಲ್ಲಿ ಅಂತ್ಯಾಕ್ಷರಿ ನಿಂತಿತು.

ಪ್ರಕಾಶಂ ಬ್ಯಾರೇಜಿನ ಮೇಲೆ ಬಸ್ಸು ನಿಧಾನವಾಯಿತು. 1850ರ ದಶಕದಲ್ಲಿ ಕಟ್ಟಿದ ಹಳೆಯ ಆಣೆಕಟ್ಟಿನ ಬದಲಿಗೆ 1957ರಲ್ಲಿ ಪೂರ್ತಿಯಾದ ಬ್ಯಾರೇಜು, ಒಂದು ಕಿಲೋಮೀಟರಿಗಿಂತ ಉದ್ದ. ನಮ್ಮಲ್ಲಿ ಹೊಸಪೇಟೆಯವರಿದ್ದರು, ಶೃಂಗೇರಿ ಕಡೆಯವರಿದ್ದರು, ಬಾಗಲಕೋಟೆಯವರಿದ್ದರು. ಗೈಡಮ್ಮ ಒಬ್ಬೊಬ್ಬರ ಊರು ಕೇಳಿ, ಆ ಊರಿನ ನೀರು ಇಲ್ಲಿಗೆ ಹೇಗೆ ಬರುತ್ತದೆ ಅಂತ ಹೇಳಿದಳು. ಶೃಂಗೇರಿಯ ತುಂಗೆ ಭದ್ರೆಯನ್ನು ಕೂಡಿಕೊಂಡು, ಹೊಸಪೇಟೆಯ ಅಣೆಕಟ್ಟು ದಾಟಿ, ಆಲಂಪುರದ ಹತ್ತಿರ ಕೃಷ್ಣೆಯನ್ನು ಸೇರುತ್ತಾಳೆ. ಘಟಪ್ರಭೆ, ಮಲಪ್ರಭೆ, ಭೀಮೆ ಎಲ್ಲವೂ ಅದಕ್ಕೂ ಮೊದಲೇ ಕೃಷ್ಣೆಯ ಮಡಿಲಿಗೆ ಬಿದ್ದಿರುತ್ತವೆ. ಒಬ್ಬರು ಕಿಟಕಿಯಿಂದಲೇ ಕೈ ಮುಗಿದರು. ಊರಿನ ನೀರು ನಮಗಿಂತ ಮೊದಲೇ ಇಲ್ಲಿಗೆ ಬಂದಿದೆಯಲ್ಲಾ ಅಂತ ಇನ್ನೊಬ್ಬರು ನಕ್ಕರು.

ಬ್ಯಾರೇಜು ದಾಟಿದರೆ ಉಂಡವಲ್ಲಿ. ಒಂದೇ ಗುಡ್ಡವನ್ನು ಕೊರೆದು ಮಾಡಿದ ನಾಲ್ಕು ಅಂತಸ್ತಿನ ಗುಹಾಲಯ. ಮೇಲಿನ ಅಂತಸ್ತು ಪೂರ್ತಿಯಾಗದೆ ನಿಂತಿದೆ. ಒಳಗೆ ಒಂದೇ ಬಂಡೆಯಲ್ಲಿ ಕಡೆದ ಅನಂತಶಯನ ವಿಷ್ಣು, ಉದ್ದ ಐದು ಮೀಟರಿಗಿಂತ ಹೆಚ್ಚು. ಬಾದಾಮಿ ನೋಡಿದವರಿಗೆ ಅಲ್ಲಿನ ಮೂರನೆಯ ಗುಹೆಯಲ್ಲಿ ಶೇಷನ ಮೇಲೆ ಕುಳಿತ ವಿಷ್ಣು ನೆನಪಿರಬೇಕು. ಅಲ್ಲಿ ಕುಳಿತಿದ್ದಾನೆ, ಇಲ್ಲಿ ಮಲಗಿದ್ದಾನೆ. ಮೆಟ್ಟಿಲು ಎತ್ತರವಾಗಿವೆ. ಮೊಣಕಾಲು ನೋವಿದ್ದವರು ಕೆಳಗಿನ ಹುಲ್ಲುಹಾಸಿನಲ್ಲಿ ಕುಳಿತರು. ಗೈಡಮ್ಮ ಅವರನ್ನು ಸುಮ್ಮನೆ ಬಿಟ್ಟುಹೋಗಲಿಲ್ಲ. ಅಲ್ಲಿಂದಲೇ ಗುಹೆಯ ಮುಂಭಾಗ ತೋರಿಸಿ, ಕಲ್ಲುಕುಟಿಗರು ಯಾವ ಕಡೆಯಿಂದ ಶುರುಮಾಡಿದ್ದಿರಬೇಕು, ಎಲ್ಲಿ ಕೆಲಸ ನಿಲ್ಲಿಸಿದರು ಅಂತ ವಿವರಿಸಿ ಆಮೇಲೆ ನಮ್ಮನ್ನು ಮೇಲೆ ಕರೆದುಕೊಂಡು ಹೋದಳು. ಒಳ್ಳೆಯ ಗೈಡ್ ಅಂದರೆ ಇದು.

ಒಂಬತ್ತೂವರೆಗೆ ಅಮರಾವತಿ. ಮೊದಲೇ ಹೇಳಿಬಿಡುತ್ತೇನೆ, ಹಂಪಿಯನ್ನೋ ಬೇಲೂರನ್ನೋ ಮನಸ್ಸಿನಲ್ಲಿಟ್ಟುಕೊಂಡು ಹೋದರೆ ಅಮರಾವತಿಯ ಮಹಾಚೈತ್ಯ ನಿರಾಶೆ ಮಾಡುತ್ತದೆ. ಕಾಣುವುದು ಹುಲ್ಲು ಬೆಳೆದ ಒಂದು ತಗ್ಗು ದಿಬ್ಬ, ಸುತ್ತ ಕೆಲವು ಕಲ್ಲುಗಳು. "ಇಷ್ಟೇನಾ?" ಅಂತ ಒಂದಿಬ್ಬರು ಕೇಳಿಯೇಬಿಟ್ಟರು. "ಉಳಿದದ್ದು ಎಲ್ಲಿದೆ ಅಂತ ಕೇಳಿ" ಅಂದಳು ಗೈಡಮ್ಮ.

ಕ್ರಿಸ್ತಪೂರ್ವ ಕಾಲದಲ್ಲೇ ಶುರುವಾಗಿ ಶಾತವಾಹನರ ಕಾಲದಲ್ಲಿ ಬೆಳೆದು ದೊಡ್ಡದಾದ ಸ್ತೂಪ ಇದು. ವ್ಯಾಸವೇ ಸುಮಾರು ಐವತ್ತು ಮೀಟರ್. ಸುತ್ತಲೂ ಪಲ್ನಾಡಿನ ತಿಳಿಬಣ್ಣದ ಸುಣ್ಣಕಲ್ಲಿನಲ್ಲಿ ಕಡೆದ ಕಟಾಂಜನ, ಚಪ್ಪಡಿಗಳು. ಹದಿನೆಂಟನೆಯ ಶತಮಾನದ ಕೊನೆಯಲ್ಲಿ ಇಲ್ಲಿನ ಜಮೀನ್ದಾರರು ಊರು ಕಟ್ಟುವಾಗ ದಿಬ್ಬ ಅಗೆದರು, ಕಲ್ಲು ಹೊರಬಂತು. 1797ರಲ್ಲಿ ಕಾಲಿನ್ ಮೆಕೆಂಜಿ ಬಂದು ನೋಡಿದ, 1816ರಲ್ಲಿ ಮತ್ತೆ ಬಂದು ಚಿತ್ರ ಬರೆಸಿದ. ಆ ನಡುವೆ ಎಷ್ಟೋ ಕಲ್ಲು ಮನೆಗೋಡೆಗೆ ಹೋಯಿತು, ಎಷ್ಟೋ ಸುಣ್ಣದ ಗೂಡಿಗೆ ಹೋಯಿತು. 1845ರಲ್ಲಿ ವಾಲ್ಟರ್ ಎಲಿಯಟ್ ಅಗೆಸಿದ ಶಿಲ್ಪಗಳು ಮದರಾಸಿಗೆ ಹೋದವು. ಅವುಗಳಲ್ಲಿ ನೂರಕ್ಕೂ ಹೆಚ್ಚು ಇವತ್ತು ಲಂಡನ್ನಿನ ಬ್ರಿಟಿಷ್ ಮ್ಯೂಸಿಯಂನಲ್ಲಿವೆ, ಇನ್ನಷ್ಟು ಚೆನ್ನೈನ ಎಗ್ಮೋರ್ ಸಂಗ್ರಹಾಲಯದಲ್ಲಿವೆ. ಒಂದು ಊರಿನ ಕಲ್ಲು ಮೂರು ಊರಿಗೆ ಹಂಚಿಹೋದ ಕಥೆ ಇದು. ಅದನ್ನು ತಿಳಿದ ಮೇಲೆ ಆ ದಿಬ್ಬ ಸಣ್ಣದಾಗಿ ಕಾಣುವುದಿಲ್ಲ.

ಇಲ್ಲೊಂದು ನಮ್ಮ ಊರಿನ ಮಾತೂ ಇದೆ. ಕಲಬುರಗಿ ಜಿಲ್ಲೆಯಲ್ಲಿ ಭೀಮಾ ತೀರದ ಸನ್ನತಿಯ ಪಕ್ಕ ಕನಗನಹಳ್ಳಿ ಅಂತ ಇದೆಯಲ್ಲ, ಅಲ್ಲಿ 1990ರ ದಶಕದಲ್ಲಿ ಅಗೆತ ಮಾಡಿದಾಗ ಇದೇ ಶೈಲಿಯ ಸ್ತೂಪ ಸಿಕ್ಕಿತು. ಹೆಸರು ಕೊರೆದಿರುವ ಅಶೋಕ ಚಕ್ರವರ್ತಿಯ ಶಿಲ್ಪ ಸಿಕ್ಕಿದ್ದು ಅಲ್ಲೇ. ಅದೂ ಸುಣ್ಣಕಲ್ಲೇ, ಅದೂ ಕೃಷ್ಣೆಗೆ ಸೇರುವ ನೀರಿನ ದಂಡೆಯೇ. ಅಮರಾವತಿಗೆ ನಮ್ಮಲ್ಲಿ ಒಬ್ಬ ತಂಗಿ ಇದ್ದಾಳೆ ಅಂದುಕೊಳ್ಳಿ.

ಸ್ಥಳದ ಸಂಗ್ರಹಾಲಯದಲ್ಲಿ ಗೈಡಮ್ಮ ನಮ್ಮನ್ನು ಪೂರ್ಣಘಟದ ಕೆತ್ತನೆಯ ಬಗ್ಗೆ ಮಾತಾಡುತ್ತಾ ನಿಲ್ಲಿಸಿದಳು. ತುಂಬಿದ ಕೊಡ, ಮೇಲೆ ಅರಳಿದ ತಾವರೆ. ಆಂಧ್ರ ಸರ್ಕಾರದ ಲಾಂಛನದಲ್ಲೂ ಇರುವುದು ಇದೇ ಅಮರಾವತಿಯ ಪೂರ್ಣಘಟ. ವರಮಹಾಲಕ್ಷ್ಮಿಗೆ ಕಳಶ ಇಡುವ ನಮಗೆ ಅದರ ಗುರುತು ಹೇಳಿಕೊಡಬೇಕಾಗಿಲ್ಲ. ಅಂಥ ಒಂದು ಚಪ್ಪಡಿಯನ್ನು ಮಾಡಿಸಿಕೊಟ್ಟವನು ವಿಧಿಕ ಎಂಬ ಚರ್ಮಕಾರ. ತಾಯಿ, ಹೆಂಡತಿ, ಮಕ್ಕಳು, ಒಡಹುಟ್ಟಿದವರೊಡನೆ ಸೇರಿ ಕೊಟ್ಟ ದಾನ ಅಂತ ಕಲ್ಲಿನ ಮೇಲೆ ಬರೆದಿದೆ. ಈ ಸ್ತೂಪವನ್ನು ಒಬ್ಬ ರಾಜ ಕಟ್ಟಿಸಲಿಲ್ಲ. ಗೃಹಿಣಿಯರು, ಉಪಾಸಿಕೆಯರು, ಭಿಕ್ಷುಣಿಯರು, ವ್ಯಾಪಾರಿಗಳು ಒಬ್ಬೊಬ್ಬರು ಒಂದೊಂದು ಕಂಬ, ಒಂದೊಂದು ಚಪ್ಪಡಿ ಕೊಟ್ಟು ಎದ್ದು ನಿಂತದ್ದು. ಬ್ರಾಹ್ಮೀ ಲಿಪಿಯ ಆ ಪುಟ್ಟ ಬರಹಗಳಲ್ಲಿ ಹೆಂಗಸರ ಹೆಸರು ಎಷ್ಟೋ ಇವೆ. ನಮ್ಮ ಸಂಘದ ರಾಜ್ಯೋತ್ಸವಕ್ಕೆ ಚಂದಾ ಪಟ್ಟಿ ಬರೆಯುತ್ತೇವಲ್ಲ, ಎರಡು ಸಾವಿರ ವರ್ಷದ ಹಿಂದೆ ಅದನ್ನು ಕಲ್ಲಿನ ಮೇಲೆ ಬರೆದರು, ಅಷ್ಟೇ ವ್ಯತ್ಯಾಸ.

ಮಧ್ಯಾಹ್ನ ನದಿಯ ಹತ್ತಿರ ಮರದ ನೆರಳಿನಲ್ಲಿ ಬುತ್ತಿ ಬಿಚ್ಚಿದೆವು. ಆಗ ನಮ್ಮ ಹಿರಿಯರೊಬ್ಬರು ಒಂದು ಮಾತು ತೆಗೆದರು. ಅವರು ಮೂವತ್ತು ವರ್ಷದ ಹಿಂದೆ ಮದುವೆಯಾಗಿ ವಿಶಾಖಕ್ಕೆ ಬಂದವರು. ಯಜಮಾನರಿಗೆ ನಿವೃತ್ತಿ ಹತ್ತಿರ ಬಂದಿದೆ. ಮಕ್ಕಳು ಬೆಂಗಳೂರಿಗೆ ಬನ್ನಿ ಅನ್ನುತ್ತಾರೆ, ಅಣ್ಣಂದಿರು ಊರಲ್ಲೇ ಮನೆ ಕಟ್ಟಿಸು ಅನ್ನುತ್ತಾರೆ. "ಅಲ್ಲಿಗೆ ಹೋದರೆ ಆಂಧ್ರದೋಳು ಬಂದಳು ಅಂತಾರೆ, ಇಲ್ಲಿ ಇಂದಿಗೂ ಕನ್ನಡದಾವಿಡ ಅಂತಾರೆ. ನನ್ನ ಊರು ಯಾವುದು ಅಂತ ನನಗೇ ತಿಳೀತಿಲ್ಲ ಕಣ್ರೇ" ಅಂದರು. ಯಾರೂ ಮಾತಾಡಲಿಲ್ಲ. ಇದು ಅವರೊಬ್ಬರ ಪ್ರಶ್ನೆಯಲ್ಲವಲ್ಲ. ಇಲ್ಲಿ ಕುಳಿತಿರುವ ಎಷ್ಟು ಮನೆಗಳಲ್ಲಿ ರಾತ್ರಿ ಊಟದ ಹೊತ್ತಿಗೆ ಇದೇ ಮಾತು ನಡೆಯುತ್ತಿದೆ ಅನ್ನುವುದು ನಿಮಗೆ ಗೊತ್ತು.

ಗೈಡಮ್ಮನಿಗೆ ಅಷ್ಟು ಕನ್ನಡ ಅರ್ಥವಾಗಿತ್ತು. ಅವಳು ಸಮಾಧಾನದ ಮಾತು ಹೇಳಲಿಲ್ಲ, ಒಂದು ಶಾಸನ ಹೇಳಿದಳು. ಇದೇ ಕೃಷ್ಣೆಯ ಮೇಲುಗಡೆ ನಾಗಾರ್ಜುನಕೊಂಡ ಇದೆ. ಇಕ್ಷ್ವಾಕು ರಾಜರ ರಾಜಧಾನಿ, ಈಗ ಅಣೆಕಟ್ಟಿನ ನೀರಿನಲ್ಲಿ ಮುಳುಗಿ ಗುಡ್ಡದ ತುದಿ ಮಾತ್ರ ದ್ವೀಪವಾಗಿ ಉಳಿದಿದೆ. ಅಲ್ಲಿನ ಮಹಾಚೈತ್ಯಕ್ಕೆ ಮುಖ್ಯ ದಾನಿ ರಾಜನಲ್ಲ, ರಾಜನ ಸೋದರಿ ಚಾಂತಿಸಿರಿ. ಅದೇ ಮನೆತನದಲ್ಲಿ ವೀರಪುರುಷದತ್ತನ ಮಗಳು ಕೊಡಬಲಿಸಿರಿ. ಅವಳನ್ನು ಕೊಟ್ಟಿದ್ದು ವನವಾಸದ ಮಹಾರಾಜನಿಗೆ. ವನವಾಸ ಅಂದರೆ ನಮ್ಮ ಉತ್ತರ ಕನ್ನಡದ ಬನವಾಸಿ ಅಂತ ವಿದ್ವಾಂಸರು ಗುರುತಿಸಿದ್ದಾರೆ. ಸಹೋದರ ಎಹುವುಲ ಚಾಂತಮೂಲನ ಆಳ್ವಿಕೆಯ ಹನ್ನೊಂದನೆಯ ವರ್ಷದಲ್ಲಿ ಆಕೆ ನಾಗಾರ್ಜುನಕೊಂಡದಲ್ಲಿ ಮಹಿಶಾಸಕ ಪಂಥದ ಭಿಕ್ಷುಗಳಿಗೆ ವಿಹಾರ ಕಟ್ಟಿಸಿಕೊಟ್ಟಳು. ಆ ಶಾಸನದಲ್ಲಿ ಅವಳ ಗುರುತು ಹೇಗೆ ಹೇಳಿದೆ ಅಂದರೆ: ಇಂಥವನ ಮಗಳು, ಇಂಥವನ ಸೋದರಿ, ವನವಾಸದ ಮಹಾರಾಜನ ಮಹಾದೇವಿ.

"ಆಕೆ ಎರಡರಲ್ಲಿ ಯಾವುದನ್ನೂ ಬಿಟ್ಟಿಲ್ಲ ನೋಡಿ ಅಮ್ಮಾ, ಎರಡನ್ನೂ ಬರೆಸಿದ್ದಾಳೆ" ಅಂದಳು ಗೈಡಮ್ಮ. ಅಷ್ಟು ಹೇಳಿ ಮೊಸರನ್ನಕ್ಕೆ ಉಪ್ಪಿನಕಾಯಿ ಕೇಳಿದಳು.

ಕೃಷ್ಣೆಯ ದಂಡೆಯಿಂದ ಬನವಾಸಿಗೆ ಹೋದ ಮಗಳ ಕಥೆ ಅದಾದರೆ, ಇದೇ ಸೀಮೆಯ ಮನೆತನದ ಇನ್ನೊಬ್ಬ ಮಗಳ ಹೆಸರು ನಮಗೆ ಚಿಕ್ಕಂದಿನಿಂದ ಗೊತ್ತು. ದಾನಚಿಂತಾಮಣಿ ಅತ್ತಿಮಬ್ಬೆ. ಕರ್ನಾಟಕ ಸರ್ಕಾರ ಅವಳ ಹೆಸರಿನಲ್ಲಿ ಪ್ರಶಸ್ತಿ ಕೊಡುತ್ತದೆ. ಅವಳ ಮನೆತನ ವೆಂಗಿಯ ಕಮ್ಮೆನಾಡಿನದು, ಅಂದರೆ ಇವತ್ತಿನ ಗುಂಟೂರು ಕಡೆಯ ಸೀಮೆ. ತಂದೆ ಮಲ್ಲಪ, ಚಿಕ್ಕಪ್ಪ ಪುನ್ನಮಯ್ಯ ಇಬ್ಬರೂ ಸೇರಿ ಪೊನ್ನನಿಂದ ಶಾಂತಿಪುರಾಣ ಬರೆಸಿದರು. ಗಂಡ ನಾಗದೇವ ಯುದ್ಧದ ಕಾಲದಲ್ಲಿ ತೀರಿಕೊಂಡ ಮೇಲೂ ಅತ್ತಿಮಬ್ಬೆ ಕುಗ್ಗಲಿಲ್ಲ. ಶಾಂತಿಪುರಾಣದ ಸಾವಿರ ಪ್ರತಿ ಬರೆಸಿ ಹಂಚಿದಳು. ಅಚ್ಚಿನ ಯಂತ್ರ ಇಲ್ಲದ ಕಾಲದಲ್ಲಿ, ತಾಳೆಗರಿಯ ಮೇಲೆ, ಸಾವಿರ ಪ್ರತಿ! ರನ್ನನಿಂದ ಅಜಿತಪುರಾಣ ಬರೆಸಿದಳು, ಅದು 993ರಲ್ಲಿ. ಗದಗದ ಹತ್ತಿರ ಲಕ್ಕುಂಡಿಯಲ್ಲಿ ಬಸದಿ ಕಟ್ಟಿಸಿದಳು, ಅದು 1007ರ ಹೊತ್ತಿಗೆ.

ಆದಿಕವಿ ಪಂಪನ ಸಂಗತಿಯೂ ಹಾಗೆಯೇ. ತಂದೆಯ ಕಡೆಯ ಹಿರಿಯರು ವೆಂಗಿನಾಡಿನವರು. ತಾಯಿ ಅಬ್ಬಣಬ್ಬೆ ನಮ್ಮ ಧಾರವಾಡ ಜಿಲ್ಲೆಯ ಅಣ್ಣಿಗೇರಿಯ ಕಡೆಯವಳು. ಇದನ್ನು ಹೇಳುವುದು ಪಂಪನ ತಮ್ಮ ಜಿನವಲ್ಲಭ ತೆಲಂಗಾಣದ ಕುರ್ಕ್ಯಾಲದ ಬಂಡೆಯ ಮೇಲೆ ಬರೆಸಿದ ಶಾಸನ. ಅದರಲ್ಲಿ ಸಂಸ್ಕೃತ, ಕನ್ನಡ, ತೆಲುಗು ಮೂರೂ ಭಾಷೆಗಳಿವೆ. ನಮ್ಮ ಮೊದಲ ಮಹಾಕವಿಯ ಮನೆಯಲ್ಲೇ ಈ ಎರಡು ನಾಡು ಸೇರಿದ್ದವು. ಹೀಗಿರುವಾಗ ಇಲ್ಲಿ ನಾವು ಪರದೇಶಿಗಳು ಅಂತ ಅಂದುಕೊಳ್ಳುವುದಕ್ಕೆ ಆಧಾರವೇ ಇಲ್ಲ.

ಊಟ ಮುಗಿಸಿ ವಿಜಯವಾಡಕ್ಕೆ ಹಿಂತಿರುಗಿ, ಊರಿನ ಇನ್ನೊಂದು ಬದಿಯಲ್ಲಿರುವ ಕೊಂಡಪಲ್ಲಿಗೆ ಹೋದೆವು. ಕೃಷ್ಣದೇವರಾಯ 1515ರಲ್ಲಿ ಕೊಂಡವೀಡು ಗೆದ್ದ ನಂತರ ಮುತ್ತಿಗೆ ಹಾಕಿದ ಕೋಟೆ ಗುಡ್ಡದ ಮೇಲಿದೆ. ಹೊತ್ತು ಸಾಲದು ಅಂತ ನಾವು ಕೋಟೆಯನ್ನು ಕೆಳಗಿನಿಂದಲೇ ನೋಡಿ ಗೊಂಬೆ ಮಾಡುವವರ ಬೀದಿಗೆ ಹೋದೆವು. ಚನ್ನಪಟ್ಟಣದ ಗೊಂಬೆ ಹಾಲೆ ಮರದ್ದು, ಚರಕಿಗೆ ಕಟ್ಟಿ ತಿರುಗಿಸಿ ಅರಗಿನ ಬಣ್ಣ ಹಚ್ಚುತ್ತಾರೆ. ಕೊಂಡಪಲ್ಲಿಯದು ಬೇರೆ ರೀತಿ. ತೆಲ್ಲ ಪೊಣಿಕಿ ಎಂಬ ಹಗುರ ಮರ. ಕೈ ಬೇರೆ, ಕಾಲು ಬೇರೆ, ತಲೆ ಬೇರೆ ಕೆತ್ತಿ, ಹುಣಸೆ ಬೀಜದ ಅಂಟಿಗೆ ಮರದ ಹೊಟ್ಟು ಕಲಸಿದ ಮಕ್ಕಿನಿಂದ ಜೋಡಿಸಿ, ಆಮೇಲೆ ಬಣ್ಣ. ಮರಕ್ಕೆ ಬಣ್ಣ ಹಚ್ಚುವ ಕೆಲಸದಲ್ಲಿ ಹೆಚ್ಚಾಗಿ ಕುಳಿತಿದ್ದವರು ಮನೆಯ ಹೆಂಗಸರೇ. ನಾವು ದಸರೆಗೆ ಗೊಂಬೆ ಕೂರಿಸುತ್ತೇವೆ, ಇವರು ಸಂಕ್ರಾಂತಿಗೆ ಬೊಮ್ಮಲ ಕೊಲುವು ಇಡುತ್ತಾರೆ. ಊಟದ ಹೊತ್ತಿನಲ್ಲಿ ಪ್ರಶ್ನೆ ಕೇಳಿದ ಆ ಹಿರಿಯರು ಒಂದು ಜೊತೆ ದಂಪತಿ ಗೊಂಬೆ ಕೊಂಡರು. ಎಲ್ಲಿ ನೆಲೆಸುತ್ತೀರಿ ಅಂತ ನಾವು ಕೇಳಲಿಲ್ಲ, ಅವರೂ ಹೇಳಲಿಲ್ಲ.

ಇನ್ನು ಅನುಭವದಿಂದ ತಿಳಿದ ನಾಲ್ಕು ಉಪಯೋಗದ ಮಾತು. ಒಂದು ದಿನಕ್ಕೆ ಮೂರು ಜಾಗ ಸಾಕು, ನಾಲ್ಕನೆಯದು ಸೇರಿಸಿದರೆ ಮೂರೂ ಕೆಡುತ್ತವೆ. ಪುರಾತತ್ತ್ವ ಇಲಾಖೆಯ ಸ್ಥಳ ಸಂಗ್ರಹಾಲಯಗಳಿಗೆ ಶುಕ್ರವಾರ ರಜೆ, ಅದನ್ನು ನೋಡಿಕೊಂಡು ದಿನ ಗೊತ್ತುಮಾಡಿ. ನವೆಂಬರಿನಿಂದ ಫೆಬ್ರವರಿ ಒಳ್ಳೆಯ ಕಾಲ. ಬೇಸಿಗೆಯಲ್ಲಿ ಬೆಜವಾಡವನ್ನು ಬ್ಲೇಜ್‌ವಾಡ ಅಂತ ಇಲ್ಲಿಯವರೇ ಕರೆಯುತ್ತಾರೆ. ಗೈಡ್‌ಗೆ ಹಣ ತಲೆಗೆ ಇಷ್ಟೋ, ಗುಂಪಿಗೆ ಇಷ್ಟೋ ಅಂತ ಮೊದಲೇ ಮಾತಾಡಿ. ನಮ್ಮಲ್ಲಿ ಎಷ್ಟು ಜನರಿಗೆ ಮೆಟ್ಟಿಲು ಹತ್ತಲಾಗದು, ಯಾವ ಭಾಷೆ ಬೇಕು ಅನ್ನುವುದನ್ನೂ ಮುಂಚೆಯೇ ತಿಳಿಸಿ. ಎಲ್ಲಕ್ಕಿಂತ ಮುಖ್ಯವಾಗಿ, ಪ್ರತಿ ಜಾಗದಲ್ಲೂ ಎರಡು ಪ್ರಶ್ನೆ ಕೇಳಿ: ಇದಕ್ಕೆ ಹಣ ಕೊಟ್ಟವರು ಯಾರು? ಇಲ್ಲಿ ಹೆಂಗಸರ ಹೆಸರು ಎಲ್ಲಿದೆ? ಗೈಡ್‌ಗೆ ಉತ್ತರ ಗೊತ್ತಿಲ್ಲದಿದ್ದರೆ ಮುಂದಿನ ಗುಂಪು ಬರುವಷ್ಟರಲ್ಲಿ ತಿಳಿದುಕೊಂಡಿರುತ್ತಾರೆ.

ಕೊನೆಗೆ ಒಂದು ಕೋರಿಕೆ. ಮುಂದಿನ ಸಲ ವಿಜಯವಾಡದ ಸದಸ್ಯರು ವಿಶಾಖಕ್ಕೆ ಬನ್ನಿ. ಭೀಮಿಲಿ ರಸ್ತೆಯ ಕಡೆ ತೊಟ್ಲಕೊಂಡ, ಬಾವಿಕೊಂಡ ಎಂಬ ಬೌದ್ಧ ನೆಲೆಗಳಿವೆ. ಬಂಡೆಯಲ್ಲಿ ಕೊರೆದ ನೀರಿನ ತೊಟ್ಟಿ, ಬಾವಿಗಳಿಂದ ಬಂದ ಹೆಸರುಗಳು, ಕನ್ನಡಿಗರಿಗೆ ಅರ್ಥ ಹೇಳಬೇಕಾಗಿಯೇ ಇಲ್ಲ. ಸಿಂಹಾಚಲಕ್ಕೆ ನಾವೆಲ್ಲ ಹೋಗುತ್ತೇವೆ, ದರ್ಶನ ಮಾಡಿ ಪ್ರಸಾದ ತೆಗೆದುಕೊಂಡು ಬರುತ್ತೇವೆ. ಅಲ್ಲಿ ಕೃಷ್ಣದೇವರಾಯನ ಶಾಸನವಿದೆ, 1516ರದು. ದೇವರಿಗೆ 991 ಮುತ್ತಿನ ಹಾರ ಕೊಟ್ಟದ್ದನ್ನು ಅದು ಹೇಳುತ್ತದೆ. ರಾಣಿಯರಾದ ತಿರುಮಲದೇವಿ, ಚಿನ್ನಾದೇವಿಯರ ಕಾಣಿಕೆಯೂ ಅದರಲ್ಲಿದೆ. ಈ ಸಲ ಸಿಂಹಾಚಲದಲ್ಲಿ ಆ ಹೆಸರುಗಳನ್ನು ಹುಡುಕೋಣ.

ಅದಕ್ಕೆ ಮೊದಲು ನಮ್ಮ ವೇದಿಕೆ ಒಂದು ಕೆಲಸ ಮಾಡಬಹುದು. ಉಂಡವಲ್ಲಿ, ಅಮರಾವತಿ, ಕೊಂಡಪಲ್ಲಿ, ಸಿಂಹಾಚಲ, ತೊಟ್ಲಕೊಂಡ, ಒಂದೊಂದರ ಬಗ್ಗೆ ಒಂದೊಂದು ಪುಟ ಕನ್ನಡದಲ್ಲಿ ಬರೆದಿಡೋಣ. ಊರಿನಿಂದ ನೆಂಟರು ಬಂದಾಗ ಬೀಚಿಗೂ ಸೀರೆ ಅಂಗಡಿಗೂ ಕರೆದುಕೊಂಡು ಹೋಗುತ್ತೇವಲ್ಲ, ಆಗ ಆ ಪುಟ ಕೈಗೆ ಕೊಡೋಣ. ಐದು ಪುಟಕ್ಕೆ ಐದು ಜನ ಬೇಕು. ಅಮರಾವತಿಯ ಪುಟ ನಾನು ಬರೆಯುತ್ತೇನೆ. ಉಳಿದ ನಾಲ್ಕಕ್ಕೆ ಈ ಸಭೆ ಮುಗಿದ ಮೇಲೆ ಕಾಫಿ ಕುಡಿಯುವಾಗ ಹೆಸರು ಕೊಡಿ.